‘ಇಲ್ಲ’ ಅಂತಾದರೂ ಹೇಳಿ

ಆ ವರ್ಷ ಊರಿಂದ ಅಪ್ಪನ ಫೋನ್ ಬಂದರೆ ಮೊದಲ ಮಾತು ಒಂದೇ. ‘ಏನಾದ್ರೂ ಬಂತೇನೋ?’

ಊಟ ಆಯ್ತಾ ಅಂತಲ್ಲ, ಬೆಂಗಳೂರಲ್ಲಿ ಮಳೆ ಹೆಂಗೆ ಅಂತಲೂ ಅಲ್ಲ. ನಾನು ಆಫೀಸಿನ ಕೆಲಸ ಪಕ್ಕಕ್ಕಿಟ್ಟು ಇನ್ನೊಂದು ಸಲ ಲಾಗಿನ್ ಆಗಿ ನೋಡುತ್ತಿದ್ದೆ. ಬಾಕಿ. ನಿನ್ನೆಯೂ ಬಾಕಿ, ಹೋದ ತಿಂಗಳೂ ಬಾಕಿ. ‘ಇಲ್ಲಪ್ಪ, ಹಾಗೇ ಇದೆ’ ಅಂದರೆ ‘ಹೂಂ’ ಅಂತ ಫೋನ್ ಇಟ್ಟುಬಿಡೋರು. ಬೈದಿದ್ದರೆ ಎಷ್ಟೋ ಚೆನ್ನಾಗಿತ್ತು. ಯಾಕೆಂದರೆ ಅನುಮತಿ ಕೇಳಿಯೇ ಕೆಲಸ ಶುರು ಮಾಡೋಣ ಅಂತ ಅಪ್ಪನನ್ನು ಒಪ್ಪಿಸಿದವನು ನಾನೇ.

ನಮ್ಮದು ಬಾಬಾಬುಡನ್‌ಗಿರಿಯ ತಪ್ಪಲಲ್ಲಿ ಹನ್ನೆರಡು ಎಕರೆ ಕಾಫಿ ತೋಟ. ಮೇಲೆ ಅರೇಬಿಕಾ, ಕೆಳಗೆ ಒಂದಿಷ್ಟು ರೋಬಸ್ಟಾ, ನಡುವೆ ಸಿಲ್ವರ್ ಓಕ್ ಮೇಲೆ ಹಬ್ಬಿದ ಮೆಣಸು. ತೋಟದ ಅಂಚಿಗೆ ಒಂದು ಹಳ್ಳ. ಅರೇಬಿಕಾ ಹಣ್ಣನ್ನು ಎರಡು ಥರ ಒಣಗಿಸಬಹುದು. ಕಿತ್ತ ಹಣ್ಣನ್ನು ಹಾಗೇ ಕಣದಲ್ಲಿ ಹರವಿದರೆ ಅದು ಚೆರಿ. ಕಿತ್ತ ದಿನವೇ ಪಲ್ಪರ್‌ಗೆ ಹಾಕಿ ಸಿಪ್ಪೆ ಬಿಡಿಸಿ, ಬೀಜಕ್ಕೆ ಅಂಟಿದ ಲೋಳೆ ಹೋಗುವಂತೆ ತೊಳೆದು ಒಣಗಿಸಿದರೆ ಪಾರ್ಚ್‌ಮೆಂಟ್. ಪಾರ್ಚ್‌ಮೆಂಟ್‌ಗೂ ಚೆರಿಗೂ ಐವತ್ತು ಕೆ.ಜಿ. ಮೂಟೆಗೆ ಸಾವಿರಾರು ರೂಪಾಯಿ ವ್ಯತ್ಯಾಸ ಇರುತ್ತೆ. ಹಾಗಾಗಿ ಹೊಸದಾಗಿ ಒಂದು ಪಲ್ಪಿಂಗ್ ಘಟಕ ಹಾಕಬೇಕು, ಅಕ್ಕಪಕ್ಕದ ನಾಲ್ಕು ಸಣ್ಣ ತೋಟದವರ ಹಣ್ಣನ್ನೂ ಅಲ್ಲೇ ತೊಳೆದುಕೊಡಬೇಕು ಅನ್ನೋದು ಅಪ್ಪನ ಆಸೆ. ಬ್ಯಾಂಕ್ ಸಾಲವೂ ಮಂಜೂರಾಗಿತ್ತು.

ಕಷ್ಟ ಇರೋದು ಆ ತೊಳೆದ ನೀರಿನಲ್ಲಿ. ಲೋಳೆಯ ಸಕ್ಕರೆ ಅಂಶ ನೀರಿಗೆ ಇಳಿದು ಹುಳಿಯುತ್ತೆ. ಅದು ಹಾಗೇ ಹಳ್ಳ ಸೇರಿದರೆ ಕೊಳೆಯುವಾಗ ನೀರಲ್ಲಿರೋ ಆಮ್ಲಜನಕವನ್ನೆಲ್ಲ ಹೀರಿಕೊಳ್ಳುತ್ತೆ, ಮೀನಿಗೆ ಉಸಿರಾಡೋಕೆ ಏನೂ ಉಳಿಯಲ್ಲ. ಇದನ್ನ ನಾನು ಪುಸ್ತಕದಲ್ಲಿ ಓದಿ ತಿಳಿದವನಲ್ಲ. ಚಿಕ್ಕವನಿದ್ದಾಗ ಡಿಸೆಂಬರ್ ರಜೆಯಲ್ಲಿ ದೊಡ್ಡಪ್ಪನ ಮಕ್ಕಳ ಜೊತೆ ಹಳ್ಳಕ್ಕೆ ಹೋದರೆ ನೀರು ಕಂದು ಬಣ್ಣಕ್ಕೆ ತಿರುಗಿರುತ್ತಿತ್ತು, ಮೂಗು ಮುಚ್ಚಿಕೊಳ್ಳೋ ವಾಸನೆ. ಸಣ್ಣ ಮೀನುಗಳು ಹೊಟ್ಟೆ ಮೇಲಾಗಿ ತೇಲುತ್ತಿದ್ದವು. ಮೇಲಿನ ತೋಟದವರು ಬಿಟ್ಟದ್ದು ಅಂತ ದೊಡ್ಡವರು ಹೇಳೋರು. ಅಜ್ಜನ ಹಳೇ ಪಲ್ಪರ್‌ನ ನೀರೂ ಅದೇ ಹಳ್ಳಕ್ಕೆ ಹೋಗುತ್ತಿತ್ತು ಅಂತ ಗೊತ್ತಾಗಿದ್ದು ಎಷ್ಟೋ ವರ್ಷದ ಮೇಲೆ. ಆ ಹಳ್ಳ ಯಗಚಿ ಸೇರುತ್ತೆ. ಯಗಚಿ ಬೇಲೂರಿನ ಅಣೆಕಟ್ಟು ದಾಟಿ, ಗೊರೂರಿನ ಹತ್ತಿರ ಹೇಮಾವತಿ ಸೇರಿ, ಕೊನೆಗೆ ಕಾವೇರಿ ಆಗುತ್ತೆ. ನಾವು ಬಿಟ್ಟ ನೀರು ಯಾರ ಕೊಡ ತುಂಬುತ್ತೆ ಅಂತ ಯೋಚನೆ ಮಾಡಿದರೆ ಸುಮ್ಮನೆ ಇರೋಕಾಗಲ್ಲ.

ಅದಕ್ಕೇ ನಾನು ಹೇಳಿದ್ದು. ‘ಅಪ್ಪ, ಎಲ್ಲ ಕ್ರಮವಾಗಿ ಮಾಡೋಣ. ಸಂಸ್ಕರಣಾ ತೊಟ್ಟಿ ಕಟ್ಟೋಣ, ಒಪ್ಪಿಗೆ ಪತ್ರ ತಗೊಳ್ಳೋಣ, ಆಮೇಲೆ ಪಲ್ಪರ್ ತಿರುಗಿಸೋಣ.’

ಅಪ್ಪ ಒಂದು ಕ್ಷಣ ಸುಮ್ಮನಿದ್ದು ಅಂದರು: ‘ಕೇಳದೇ ಮಾಡ್ದೋರ‍್ನ ಯಾರೂ ಕೇಳಲ್ಲ ಮಾರಾಯ. ಕೇಳ್ದೋರ‍್ನೇ ಎಲ್ರೂ ಕೇಳ್ತಾರೆ.’ ಆದರೂ ಒಪ್ಪಿದರು. ಮಗ ಇಂಜಿನಿಯರ್ ಅಲ್ವಾ!

2022ರ ಮಾರ್ಚ್‌ನಲ್ಲಿ ಅರ್ಜಿ ಹಾಕಿದೆವು. ನಕ್ಷೆ, ಪಹಣಿ, ಯಂತ್ರದ ವಿವರ, ತೊಟ್ಟಿಯ ವಿನ್ಯಾಸ ಎಲ್ಲ ಕೊಟ್ಟಾಯ್ತು. ಒಂದು ಕಾಗದ ಮಾತ್ರ ಬೇರೊಂದು ಕಚೇರಿಯಿಂದ ಬರಬೇಕಿತ್ತು. ಘಟಕದ ಜಾಗ ಹಳ್ಳದಿಂದ ಎಷ್ಟು ದೂರದಲ್ಲಿದೆ ಅಂತ ಸ್ಥಳ ನೋಡಿ ಕೊಡುವ ದೃಢೀಕರಣ. ಯಾವ ಕಚೇರಿ ಅಂತ ಇಲ್ಲಿ ಬರೆಯೋದು ಬೇಡ. ಅಲ್ಲಿ ಒಳ್ಳೆಯವರೂ ಇದ್ದರು, ಕೆಲಸದ ಹೊರೆಯೂ ಇತ್ತು. ಆದರೆ ಆ ಒಂದು ಹಾಳೆ ಬರಲಿಲ್ಲ. ಇವತ್ತು ಅಳತೆ ಮಾಡೋರು ರಜೆ, ನಾಳೆ ಸಾಹೇಬರು ಮೀಟಿಂಗ್, ಆಮೇಲೆ ಮಳೆಗಾಲ, ಜಾರುತ್ತೆ, ಮಳೆ ನಿಂತ ಮೇಲೆ ಬರ್ತೀವಿ. ಮಳೆ ನಿಂತ ಮೇಲೆ ವರ್ಗಾವಣೆ.

ನವೆಂಬರ್ ಬಂತು. ಗಿಡದ ತುಂಬಾ ಕೆಂಪಗೆ ಹಣ್ಣು. ಹೊಸ ಪಲ್ಪರ್ ಟಾರ್ಪಾಲಿನ್ ಹೊದ್ದುಕೊಂಡು ನಿಂತಿತ್ತು. ಒಪ್ಪಿಗೆ ಪತ್ರದ ಪ್ರತಿ ತೋರಿಸದೆ ಸಾಲದ ಎರಡನೇ ಕಂತು ಬಿಡುಗಡೆ ಮಾಡಲ್ಲ ಅಂತ ಬ್ಯಾಂಕಿನವರು ಹೇಳಿದರು. ಮೊದಲ ಕಂತಿಗೆ ಬಡ್ಡಿ ಮಾತ್ರ ತಪ್ಪದೆ ಓಡುತ್ತಿತ್ತು. ಹಳ್ಳದ ಮೇಲ್ಗಡೆ ಎಲ್ಲೋ ಯಾರದ್ದೋ ಪಲ್ಪರ್ ರಾತ್ರಿ ಹೊತ್ತು ಓಡುತ್ತಿತ್ತು. ಅವರು ಯಾರನ್ನೂ ಕೇಳಿರಲಿಲ್ಲ. ಅಪ್ಪ ಕಣದಲ್ಲಿ ಹಣ್ಣನ್ನು ಹಾಗೇ ಹರವಿಸಿದರು. ಆ ವರ್ಷ ಅರೇಬಿಕಾ ಅಷ್ಟೂ ಚೆರಿಯಾಗಿಯೇ ಹೋಯಿತು. ಅಕ್ಕಪಕ್ಕದ ತೋಟದವರಿಗೆ ಕೊಟ್ಟ ಮಾತೂ ಹೋಯಿತು. ನನಗೆ ಒಂದು ಮಾತೂ ಅನ್ನಲಿಲ್ಲ. ರಾತ್ರಿ ಎರಡು ಗಂಟೆಗೆ ಎದ್ದು ಜಗಲಿಯಲ್ಲಿ ಕೂತಿರ್ತಾರೆ ಅಂತ ಅಮ್ಮ ಫೋನಿನಲ್ಲಿ ಹೇಳಿದಾಗ ನನಗೆ ನಿದ್ದೆ ಬರಲಿಲ್ಲ.

ಆವತ್ತೇ ರಾತ್ರಿ ಕಾನೂನು ಓದೋಕೆ ಕೂತೆ. ಜಲ ಮಾಲಿನ್ಯ ತಡೆ ಕಾಯ್ದೆ, 1974ರದ್ದು. ಅದರ 25ನೇ ಕಲಮು ಓದಿ ಕುರ್ಚಿಯಿಂದ ಎದ್ದೇಬಿಟ್ಟೆ. ಅರ್ಜಿ ಹಾಕಿ ನಾಲ್ಕು ತಿಂಗಳೊಳಗೆ ಒಪ್ಪಿಗೆ ಕೊಡದೆಯೂ ಇದ್ದರೆ, ನಿರಾಕರಿಸದೆಯೂ ಇದ್ದರೆ, ಒಪ್ಪಿಗೆ ಯಾವ ಷರತ್ತೂ ಇಲ್ಲದೆ ಸಿಕ್ಕಿದೆ ಅಂತಲೇ ಭಾವಿಸಬೇಕು! ನಮ್ಮ ಭಾಷೆಯಲ್ಲಿ ಹೇಳೋದಾದರೆ ಟೈಮ್‌ಔಟ್. ಉತ್ತರ ಬರದಿದ್ದರೆ ಇಂತಿಷ್ಟು ಹೊತ್ತಿಗೆ ಮುಂದಕ್ಕೆ ಹೋಗು ಅಂತ ಕಾನೂನು ಬರೆದವರೇ ಬರೆದಿಟ್ಟಿದ್ದಾರೆ.

ಬೆಳಿಗ್ಗೆ ಖುಷಿಯಿಂದ ಪರಿಚಯದ ವಕೀಲರಿಗೆ ಫೋನ್ ಮಾಡಿದೆ. ಅವರು ಪೂರ್ತಿ ಕೇಳಿಸಿಕೊಂಡು, ‘ಆ ಸಾಲನ್ನ ಕೊನೇವರೆಗೂ ಓದಿದ್ರಾ?’ ಅಂದರು. ಮತ್ತೆ ತೆಗೆದು ನೋಡಿದೆ. ‘ಎಲ್ಲ ರೀತಿಯಲ್ಲೂ ಸಂಪೂರ್ಣವಾದ’ ಅರ್ಜಿ ಅಂತಿದೆ. ನಮ್ಮ ಅರ್ಜಿಯಲ್ಲಿ ಒಂದು ಹಾಳೆ ಇಲ್ಲ. ಹಾಗಾಗಿ ಆ ಗಡಿಯಾರ ಶುರುವೇ ಆಗಿಲ್ಲ. ಆ ಹಾಳೆ ಕೊಡಬೇಕಾದ ಕಚೇರಿಗೆ ಗಡಿಯಾರವೇ ಇಲ್ಲ.

‘ಇನ್ನೊಂದು ವಿಷಯ’ ಅಂದರು ವಕೀಲರು. ‘ಅರ್ಜಿ ಪೂರ್ತಿ ಇದ್ದಿದ್ರೂ, ಭಾವಿಸಿದ ಒಪ್ಪಿಗೆನ ಬ್ಯಾಂಕಿಗೆ ಹೇಗೆ ತೋರಿಸ್ತೀರಿ? ಬರದೇ ಇರೋ ಕಾಗದಕ್ಕೆ ಜೆರಾಕ್ಸ್ ಬರಲ್ಲವಲ್ಲ.’ ಅದೂ ಅಲ್ಲದೆ ಹೊಗೆ, ಬಾಯ್ಲರ್ ಇರೋ ಉದ್ಯಮಗಳಿಗೆ ಅನ್ವಯಿಸುವ 1981ರ ವಾಯು ಕಾಯ್ದೆಯಲ್ಲಿ ನಾಲ್ಕು ತಿಂಗಳ ಗಡುವು ಇದೆ, ಆದರೆ ಗಡುವು ದಾಟಿದರೆ ಒಪ್ಪಿಗೆ ಸಿಕ್ಕಂತೆ ಅನ್ನೋ ಮಾತಿಲ್ಲವಂತೆ. ಒಂದೇ ಥರದ ಎರಡು ಕಾನೂನು, ಎರಡು ಥರದ ಮೌನ.

‘ಹಾಗಾದ್ರೆ ಮೇಲ್ಮನವಿ ಹಾಕೋಣ’ ಅಂದೆ. ಆಗ ಅವರು ಹೇಳಿದ್ದೇ ಈ ಲೇಖನ ಬರೆಯೋಕೆ ಕಾರಣ. ‘ಯಾವುದರ ಮೇಲೆ ಮೇಲ್ಮನವಿ? ಒಪ್ಪಿಗೆ ನಿರಾಕರಿಸಿದ್ರೆ ಜಲ ಕಾಯ್ದೆ 28ನೇ ಕಲಮಿನ ಪ್ರಕಾರ 30 ದಿನದೊಳಗೆ ಮೇಲ್ಮನವಿ ಪ್ರಾಧಿಕಾರಕ್ಕೆ ಹೋಗಬಹುದು. ಅಲ್ಲೂ ಸೋತ್ರೆ ರಾಷ್ಟ್ರೀಯ ಹಸಿರು ನ್ಯಾಯಮಂಡಳಿ, ನಮಗೆ ಚೆನ್ನೈ ಪೀಠ. ಆದ್ರೆ ನಿಮಗೆ ಯಾರೂ ಇಲ್ಲ ಅಂದೇ ಇಲ್ಲವಲ್ಲ. ಆದೇಶ ಇದ್ರೆ ತಾನೇ ಅದನ್ನ ಪ್ರಶ್ನೆ ಮಾಡೋದು?’

ದಿನವಿಡೀ ಕೋಡ್ ಬರೆಯೋ ನನಗೆ ಇದು ತಕ್ಷಣ ಅರ್ಥ ಆಯ್ತು. ಎರರ್ ಬಂದರೆ ಏನು ತಪ್ಪು ಅಂತ ಹುಡುಕಿ ಸರಿ ಮಾಡಬಹುದು. ಏನೂ ಹೇಳದೆ ಸುತ್ತುತ್ತಲೇ ಇರುವ ಚಕ್ರವನ್ನ ಏನು ಮಾಡೋದು? ‘ಇಲ್ಲ’ ಅನ್ನೋದಕ್ಕೆ ಮದ್ದಿದೆ, ಸುಮ್ಮನಿರೋದಕ್ಕೆ ಇಲ್ಲ ಅಂದುಕೊಂಡೆ.

ಅದಕ್ಕೂ ಮದ್ದಿದೆ ಅಂದರು ವಕೀಲರು. ಸಂವಿಧಾನದ 226ನೇ ವಿಧಿಯಡಿ ಹೈಕೋರ್ಟಿಗೆ ರಿಟ್ ಅರ್ಜಿ. ಕರ್ತವ್ಯ ಮಾಡಬೇಕಾದ ಅಧಿಕಾರಿ ಮಾಡದೇ ಕೂತರೆ ‘ಮಾಡು’ ಅಂತ ಆಜ್ಞೆ ಮಾಡುವ ಆದೇಶಕ್ಕೆ ಮ್ಯಾಂಡಮಸ್ ಅಂತಾರೆ, ಕನ್ನಡದಲ್ಲಿ ಪರಮಾದೇಶ. ‘ಆದ್ರೆ ನೆನಪಿರಲಿ, ಕೋರ್ಟು ನಿಮಗೆ ಆ ಪತ್ರ ಕೊಡಿ ಅನ್ನಲ್ಲ. ಇಂತಿಷ್ಟು ವಾರದೊಳಗೆ ಕಾನೂನು ಪ್ರಕಾರ ತೀರ್ಮಾನ ಮಾಡಿ ಅನ್ನುತ್ತೆ ಅಷ್ಟೆ. ತೀರ್ಮಾನ ಏನಿರಬೇಕು ಅನ್ನೋದು ಅವರಿಗೇ ಬಿಟ್ಟಿದ್ದು.’

ಇದನ್ನ ಅಪ್ಪನಿಗೆ ಹೇಳಿದರೆ ಅವರ ಮುಖ ಸಪ್ಪಗಾಯಿತು. ‘ಕೋರ್ಟಲ್ಲಿ ಗೆದ್ದವ ಸೋತ, ಸೋತವ ಸತ್ತ ಅಂತಾರೆ. ಅಷ್ಟೆಲ್ಲ ಮಾಡಿ ಬರೀ ತೀರ್ಮಾನ ಮಾಡಿ ಅಂತ ಹೇಳ್ಸೋದಾ? ನಾಳೆ ಅದೇ ಆಫೀಸ್ ಮುಂದೆ ನಾನು ನಿಲ್ಲಬೇಕಲ್ಲೋ.’ ಭಯ ಸುಳ್ಳಲ್ಲ. ಸಣ್ಣ ಬೆಳೆಗಾರನಿಗೆ ಕಚೇರಿಯ ಜೊತೆ ಜೀವಮಾನದ ನಂಟು. ಎರಡು ದಿನ ಟೈಮ್ ಕೇಳಿದರು.

ಆ ಎರಡು ದಿನದಲ್ಲಿ ಕಳಸದಲ್ಲಿರುವ ಅತ್ತೆ ಮನೆಗೆ ಹೋಗಿದ್ದೆವು. ಕಳಸ ಅಂದರೆ ಕುದುರೆಮುಖದ ಬುಡ. ಊಟ ಆದ ಮೇಲೆ ಮಾವ ಆ ಗಣಿಯ ಕಥೆ ತೆಗೆದರು. ಅಲ್ಲಿನ ಕಬ್ಬಿಣದ ಅದಿರಿನ ಗಣಿ ಗುತ್ತಿಗೆ ಮೂವತ್ತು ವರ್ಷದ್ದು, 1999ರಲ್ಲಿ ಮುಗಿಯಿತು. ಆದರೆ ಗಣಿ ನಿಲ್ಲಲಿಲ್ಲ. ಮುಂದುವರಿಸಬೇಕೋ ಬೇಡವೋ ಅನ್ನೋದು ಇತ್ಯರ್ಥ ಆಗುವ ತನಕ ತಾತ್ಕಾಲಿಕ ಅನುಮತಿಯ ಮೇಲೆ ಕೆಲಸ ನಡೆಯಿತು. ಕೊನೆಗೆ ಕೆ.ಎಂ. ಚಿಣ್ಣಪ್ಪ ಅವರು ಸುಪ್ರೀಂ ಕೋರ್ಟಿಗೆ ಹೋದರು. ರಾಷ್ಟ್ರೀಯ ಉದ್ಯಾನದ ಕಾಡು, ಭದ್ರೆಗೆ ಸೇರುತ್ತಿದ್ದ ಹೂಳು ಎಲ್ಲ ಅಲ್ಲಿ ಚರ್ಚೆಗೆ ಬಂತು. 2002ರ ಅಕ್ಟೋಬರ್ 30ರಂದು ತೀರ್ಪು ಬಂದು, 2005ರ ಕೊನೆಗೆ ಗಣಿ ನಿಂತಿತು.

‘ನೋಡು’ ಅಂದರು ಮಾವ, ‘ದೊಡ್ಡೋರ ವಿಷಯದಲ್ಲಿ ತೀರ್ಮಾನ ಆಗ್ಲಿಲ್ಲ ಅಂದ್ರೆ ಕೆಲಸ ನಡೀತಿರುತ್ತೆ. ನಮ್ಮಂಥೋರ ವಿಷಯದಲ್ಲಿ ತೀರ್ಮಾನ ಆಗ್ಲಿಲ್ಲ ಅಂದ್ರೆ ಕೆಲಸ ನಿಂತಿರುತ್ತೆ.’

ವಾಪಸ್ ಬರುವಾಗ ಕಾರಿನಲ್ಲಿ ಅಪ್ಪ ಬಹಳ ಹೊತ್ತು ಮಾತಾಡಲಿಲ್ಲ. ಕೊಟ್ಟಿಗೆಹಾರ ದಾಟಿದ ಮೇಲೆ ಅಂದರು: ‘ಎರಡೂ ಕಡೆ ತೀರ್ಮಾನ ಮಾಡ್ದೇ ಇದ್ದಿದ್ದೇ ತಪ್ಪು, ಅಲ್ವೇನೋ? ಅಲ್ಲಿ ಹೊಳೆಗೆ ನಷ್ಟ, ಇಲ್ಲಿ ನಮಗೆ ನಷ್ಟ.’ ಸ್ವಲ್ಪ ಹೊತ್ತು ಬಿಟ್ಟು, ‘ವಕೀಲರಿಗೆ ಫೋನ್ ಮಾಡು.’

ಕೋರ್ಟಿಗೆ ಹೋಗೋದಕ್ಕೂ ಮೊದಲು ಎರಡು ಕೆಲಸ ಮಾಡಿಸಿದರು ವಕೀಲರು. ಒಂದು, ಆ ಕಚೇರಿಗೆ ಲಿಖಿತ ಮನವಿ. ಇಂಥ ದಿನ ಅರ್ಜಿ ಕೊಟ್ಟಿದ್ದೇವೆ, ಇಷ್ಟು ಸಲ ಬಂದಿದ್ದೇವೆ, ದಯವಿಟ್ಟು ತೀರ್ಮಾನಿಸಿ ಅಂತ. ಅದಕ್ಕೆ ಸೀಲು ಹಾಕಿಸಿ ಸ್ವೀಕೃತಿ ತಗೊಳ್ಳಬೇಕು, ಇಲ್ಲಾಂದ್ರೆ ನೋಂದಾಯಿತ ಅಂಚೆಯಲ್ಲಿ ಕಳಿಸಬೇಕು. ‘ನಾನು ಕೇಳಿದೆ, ಅವರು ಮಾಡಲಿಲ್ಲ’ ಅನ್ನೋದಕ್ಕೆ ಕಾಗದ ಇಲ್ಲದೆ ಪರಮಾದೇಶ ಸಿಗೋದು ಕಷ್ಟ. ಇಷ್ಟು ದಿನ ನಾವು ಮಾಡಿದ ಓಡಾಟಕ್ಕೆ ಒಂದು ಚೀಟಿಯ ಸಾಕ್ಷಿಯೂ ಇರಲಿಲ್ಲ, ಎಲ್ಲ ಬಾಯಿಮಾತು. ಎರಡು, ಮಾಹಿತಿ ಹಕ್ಕಿನಡಿ ಹತ್ತು ರೂಪಾಯಿಯ ಅರ್ಜಿ. ನಮ್ಮ ಕಡತ ಈಗ ಯಾರ ಮೇಜಿನ ಮೇಲಿದೆ, ಅದರ ಮೇಲೆ ಏನು ಟಿಪ್ಪಣಿ ಇದೆ? ಮೂವತ್ತು ದಿನದೊಳಗೆ ಉತ್ತರ ಕೊಡಬೇಕು. ಉತ್ತರ ಬಂತು. ಕಡತದಲ್ಲಿ ಏಳು ತಿಂಗಳಿಂದ ಒಂದೂ ಟಿಪ್ಪಣಿ ಇರಲಿಲ್ಲ. ಯಾರೂ ಬೇಡ ಅಂದಿರಲಿಲ್ಲ, ಯಾರೂ ನೋಡಿಯೇ ಇರಲಿಲ್ಲ.

‘ಸಕಾಲ’ದಲ್ಲಿ ಹೋಗಬಹುದಾ ಅಂತಲೂ ಕೇಳಿದ್ದೆ. 2011ರ ಆ ಕಾಯ್ದೆಯ ಪಟ್ಟಿಯಲ್ಲಿರುವ ಸೇವೆಗಳಿಗೆ ತಡವಾದರೆ ದಿನಕ್ಕೆ 20 ರೂಪಾಯಿಯಂತೆ ಹೆಚ್ಚೆಂದರೆ 500 ರೂಪಾಯಿ ಪರಿಹಾರ. ಪಡಿತರ ಚೀಟಿ, ಜಾತಿ ಪ್ರಮಾಣಪತ್ರಕ್ಕೆ ಅದು ದೊಡ್ಡ ಉಪಕಾರವೇ. ಒಂದು ಸುಗ್ಗಿ ಕಳೆದುಕೊಂಡವನಿಗೆ ಐನೂರು ರೂಪಾಯಿ ಎಲ್ಲಿಗೆ ಸಾಲುತ್ತೆ? ನಮಗೆ ಬೇಕಿದ್ದಿದ್ದು ದುಡ್ಡಲ್ಲ, ಉತ್ತರ.

ಬೆಂಗಳೂರಿನ ಹೈಕೋರ್ಟ್ ಕಟ್ಟಡಕ್ಕೆ ಹಳಬರು ಅಠಾರಾ ಕಚೇರಿ ಅಂತಾರೆ. ಮೈಸೂರು ಸರ್ಕಾರದ ಹದಿನೆಂಟು ಇಲಾಖೆಗಳು ಒಂದು ಕಾಲದಲ್ಲಿ ಅಲ್ಲಿದ್ದವಂತೆ. ವಕಾಲತ್ತಿಗೆ ಸಹಿ ಹಾಕೋಕೆ ಬಂದ ಅಪ್ಪನಿಗೆ ಇದನ್ನ ಹೇಳಿದೆ. ಆ ಕೆಂಪು ಕಟ್ಟಡ ನೋಡುತ್ತಾ, ‘ಒಂದು ಕಚೇರಿ ಕೆಲಸ ಮಾಡ್ಲಿಲ್ಲ ಅಂತ ಹದಿನೆಂಟು ಕಚೇರಿಗೆ ಬಂದ್ವಾ’ ಅಂದು ನಕ್ಕರು. ಎಷ್ಟೋ ತಿಂಗಳ ಮೇಲೆ ಅವರು ನಕ್ಕಿದ್ದು.

ವಿಚಾರಣೆಯ ದಿನ ನಾನು ವಿಡಿಯೋ ಲಿಂಕ್ ಹಾಕಿಕೊಂಡು ಕೂತೆ. ಅಪ್ಪ ತೋಟದ ಮೇಲ್ಗಡೆ ನೆಟ್‌ವರ್ಕ್ ಸಿಗುವ ಬಂಡೆಯ ಮೇಲೆ ಫೋನ್ ಹಿಡಿದು ಕೂತಿದ್ದರು. ನಮ್ಮ ಸರದಿ ಬಂತು. ನಮ್ಮ ವಕೀಲರು ನಾಲ್ಕು ಮಾತಾಡಿದರು. ಸರ್ಕಾರಿ ವಕೀಲರು ಕಡತ ಪರಿಶೀಲನೆಯಲ್ಲಿದೆ ಅಂದರು. ನ್ಯಾಯಮೂರ್ತಿಗಳು ಮಾಹಿತಿ ಹಕ್ಕಿನ ಉತ್ತರವನ್ನ ನೋಡಿ, ಆರು ವಾರದೊಳಗೆ ಅರ್ಜಿದಾರರ ಮಾತು ಕೇಳಿ ಕಾನೂನಿನ ಪ್ರಕಾರ ತೀರ್ಮಾನ ಮಾಡಿ, ತೀರ್ಮಾನಕ್ಕೆ ಕಾರಣ ಬರೆಯಿರಿ ಅಂದರು. ಅರ್ಜಿಯ ಗುಣದೋಷದ ಬಗ್ಗೆ ತಾವು ಏನೂ ಹೇಳಿಲ್ಲ ಅಂತಲೂ ಸೇರಿಸಿದರು. ಮುಗೀತು. ಮೂರು ನಿಮಿಷ ಇರಬೇಕು. ಅಪ್ಪ ಫೋನ್ ಮಾಡಿ, ‘ನಡುವೆ ಕಟ್ ಆಯ್ತು ಕಣೋ, ಏನಂದ್ರು?’ ಅಂದರು. ಆರು ವಾರ ಅಂದೆ. ‘ಮಾಡ್ದಿದ್ರೆ?’ ಮಾಡದಿದ್ದರೆ ನ್ಯಾಯಾಂಗ ನಿಂದನೆ ಅರ್ಜಿ ಹಾಕಬಹುದು, ಅದಕ್ಕೆ ಒಂದು ವರ್ಷದ ಕಾಲಮಿತಿ ಅಂತ ವಕೀಲರು ಹೇಳಿದ್ದನ್ನ ಹೇಳಿದೆ.

ಅದರ ಅಗತ್ಯ ಬರಲಿಲ್ಲ. ಐದನೇ ವಾರ ಇಬ್ಬರು ಟೇಪು ಹಿಡಿದು ತೋಟಕ್ಕೆ ಬಂದರು. ಅಪ್ಪ ಕಾಫಿ ಕೊಟ್ಟರು. ಒಬ್ಬರು ಸಂಕೋಚದಿಂದ, ‘ಮೊದ್ಲೇ ಬರಬೇಕಿತ್ತು ಗೌಡ್ರೇ’ ಅಂದರಂತೆ. ಅಳೆದರು, ಬರೆದುಕೊಂಡರು, ಹೋದರು. ವಾರದ ಮೇಲೆ ಆದೇಶ ಬಂತು. ನಾನು ಶುಕ್ರವಾರ ರಾತ್ರಿ ಬಸ್ಸಿಗೆ ಊರಿಗೆ ಹೋದಾಗ ಲಕೋಟೆ ದೇವರ ಫೋಟೋ ಮುಂದಿತ್ತು.

ಉತ್ತರ ‘ಇಲ್ಲ’ ಅಂತ ಇತ್ತು.

ಪಲ್ಪರ್ ಇರುವ ಜಾಗ ಸರಿ ಇದೆ, ಆದರೆ ತೊಟ್ಟಿಯನ್ನು ಗುರುತು ಮಾಡಿದ ಜಾಗ ಹಳ್ಳಕ್ಕೆ ತೀರಾ ಹತ್ತಿರ, ಮಳೆಗಾಲದಲ್ಲಿ ಹಳ್ಳ ಉಕ್ಕಿದರೆ ತೊಟ್ಟಿಗೆ ನೀರು ನುಗ್ಗುತ್ತೆ, ಆದ್ದರಿಂದ ಈ ನಕ್ಷೆಗೆ ದೃಢೀಕರಣ ಕೊಡೋಕಾಗಲ್ಲ ಅಂತ ಒಂದೂವರೆ ಪುಟದಲ್ಲಿ ಬರೆದಿದ್ದರು. ಓದಿ ನನಗೆ ಅಳು ಬರುವ ಹಾಗಾಯಿತು. ಒಂದು ವರ್ಷ, ಒಂದು ಸುಗ್ಗಿ, ವಕೀಲರ ಫೀಸು, ಅಪ್ಪನ ನಿದ್ದೆ... ಕೊನೆಗೆ ಇದಾ?

ಅಪ್ಪ ಕನ್ನಡಕ ಹಾಕಿಕೊಂಡು ಇನ್ನೊಂದು ಸಲ ಓದಿದರು. ಆಮೇಲೆ ಎದ್ದು ‘ಬಾ’ ಅಂತ ಹಳ್ಳದ ಹತ್ತಿರ ಕರೆದುಕೊಂಡು ಹೋದರು. ಬೇಲಿಯ ಪಕ್ಕದ ಅತ್ತಿಮರದ ಬುಡ ತೋರಿಸಿ, ‘ಹೋದ ಆಗಸ್ಟಲ್ಲಿ ನೀರು ಇಲ್ಲೀವರೆಗೂ ಬಂದಿತ್ತು. ಅವ್ರು ಬರ‍್ದಿರೋದು ಸರಿ ಇದೆ ಕಣೋ. ನಾವು ಕಟ್ಟಿದ್ರೆ ಕೊಳಕು ನೀರೆಲ್ಲ ಹಳ್ಳಕ್ಕೇ ಹೋಗ್ತಿತ್ತು’ ಅಂದರು. ಅವರ ದನಿಯಲ್ಲಿ ಬೇಜಾರಿರಲಿಲ್ಲ. ‘ಇದನ್ನೇ ಹೋದ ವರ್ಷ ಏಪ್ರಿಲ್ಲಲ್ಲಿ ಹೇಳಿದ್ರೆ ನಾನು ಮೇ ತಿಂಗಳಲ್ಲೇ ತೊಟ್ಟಿ ಮೇಲೆ ಕಟ್ಟಿಸ್ತಿದ್ದೆ. ಇಲ್ಲ ಅಂದ್ರೂ ಸರಿ, ಹೇಳಿದ್ರಲ್ಲ. ಈಗ ಕೆಲಸ ಮಾಡಬಹುದು.’

ಮೇಲ್ಮನವಿ ಏನೂ ಹಾಕಲಿಲ್ಲ. ತೊಟ್ಟಿಯ ಜಾಗವನ್ನ ಹಳೇ ದನದ ಕೊಟ್ಟಿಗೆಯ ಹಿಂದಕ್ಕೆ, ಎತ್ತರಕ್ಕೆ ಬದಲಾಯಿಸಿದೆವು. ಹೊಸ ನಕ್ಷೆಗೆ ಮೂರು ವಾರದಲ್ಲಿ ದೃಢೀಕರಣ ಸಿಕ್ಕಿತು. ಅರ್ಜಿ ಆವತ್ತು ನಿಜವಾಗಿ ‘ಎಲ್ಲ ರೀತಿಯಲ್ಲೂ ಸಂಪೂರ್ಣ’ ಆಯಿತು, ಗಡಿಯಾರ ಶುರುವಾಯಿತು. ಮೂರನೇ ತಿಂಗಳಲ್ಲಿ ಒಪ್ಪಿಗೆ ಪತ್ರ ಬಂತು. ಆ ಡಿಸೆಂಬರ್‌ನಲ್ಲಿ ಪಲ್ಪರ್ ತಿರುಗಿತು.

ಅನುಮತಿ ಅನ್ನೋದೇ ಕಿರಿಕಿರಿ, ಅದನ್ನ ತೆಗೆದುಹಾಕಿದರೆ ಉದ್ಯಮ ಉದ್ಧಾರ ಆಗುತ್ತೆ ಅಂತ ನನ್ನ ಆಫೀಸಿನ ಕೆಲವು ಗೆಳೆಯರು ಹೇಳುತ್ತಾರೆ. ನನಗೆ ಹಾಗನಿಸಲ್ಲ. ಆ ಇಬ್ಬರು ಟೇಪು ಹಿಡಿದು ಬರದೇ ಇದ್ದಿದ್ದರೆ, ಅಥವಾ ನಾಲ್ಕು ತಿಂಗಳ ಮೌನವೇ ಒಪ್ಪಿಗೆ ಅಂತ ನಾವು ಕಟ್ಟಿಬಿಟ್ಟಿದ್ದರೆ, ಹಳ್ಳದ ಗತಿ ಏನಾಗುತ್ತಿತ್ತು ಅಂತ ನನಗೆ ಗೊತ್ತು. ನಮ್ಮನ್ನ ಹಿಂಡಿದ್ದು ಪರೀಕ್ಷೆ ಅಲ್ಲ, ಪರೀಕ್ಷೆ ಮಾಡದೇ ಇದ್ದಿದ್ದು. ಅದರಿಂದ ಕೇಳಿದವರು ಸೋಲುತ್ತಾರೆ, ಕೇಳದವರು ರಾತ್ರಿ ಪಲ್ಪರ್ ಓಡಿಸುತ್ತಾರೆ, ಹಳ್ಳಕ್ಕೆ ಇಬ್ಬರಿಂದಲೂ ಉಪಯೋಗ ಇಲ್ಲ.

ನಿಮ್ಮಲ್ಲೂ ಯಾರಾದರೂ ಹೀಗೆ ಕಾಯುತ್ತಿದ್ದರೆ ಒಂದು ಮಾತು. ಓಡಾಡಿದ್ದಕ್ಕೆಲ್ಲ ಕಾಗದ ಇಟ್ಟುಕೊಳ್ಳಿ. ಅರ್ಜಿಯಲ್ಲಿ ಏನು ಕಮ್ಮಿ ಇದೆ ಅಂತ ಬರವಣಿಗೆಯಲ್ಲೇ ಕೇಳಿ, ಕಡತ ಎಲ್ಲಿದೆ ಅಂತ ತಿಳಿದುಕೊಳ್ಳಿ. ಆಮೇಲೂ ಮೌನವೇ ಆದರೆ ಕೋರ್ಟಿನ ಬಾಗಿಲಿಗೆ ಹೆದರಬೇಡಿ. ಅಲ್ಲಿ ಕೇಳಬೇಕಾದ್ದು ‘ಹೌದು ಅನ್ನಿಸಿ’ ಅಂತಲ್ಲ, ‘ಉತ್ತರ ಕೊಡಿಸಿ’ ಅಂತ.

ಹೋದ ಜನವರಿಯಲ್ಲಿ ಅಕ್ಕನ ಮಗಳನ್ನ ಕರೆದುಕೊಂಡು ಹಳ್ಳಕ್ಕೆ ಹೋಗಿದ್ದೆ. ನೀರು ಪೂರ್ತಿ ತಿಳಿಯಾಗಿದೆ ಅಂತ ಹೇಳಿದರೆ ಸುಳ್ಳಾಗುತ್ತೆ. ಮೇಲಿನಿಂದ ಇನ್ನೂ ಸ್ವಲ್ಪ ಕಂದು ಬರುತ್ತೆ. ಆದರೆ ನಮ್ಮ ಬೇಲಿಯಿಂದ ಕೆಳಗೆ, ಕಲ್ಲಿನ ಸಂದಿಯಲ್ಲಿ, ಬೆರಳುದ್ದದ ಮೀನುಗಳಿದ್ದವು. ಅವಳು ಎಣಿಸೋಕೆ ಹೋಗಿ ಲೆಕ್ಕ ತಪ್ಪಿ ಮತ್ತೆ ಒಂದರಿಂದ ಶುರು ಮಾಡಿದಳು. ಅಷ್ಟರಲ್ಲಿ ಮೇಲಿನಿಂದ ಅಪ್ಪ ಕೂಗಿದರು, ‘ಏನಾದ್ರೂ ಸಿಕ್ತೇನೋ?’

‘ಸಿಕ್ತು ತಾತ’ ಅಂತ ಅವಳೇ ಕೂಗಿ ಹೇಳಿದಳು.